ಇಲ್ಲದ ಮಾತ್ರೆಗೆ ಪಾರ್ಲಿಮೆಂಟಿನಲ್ಲಿ ಪ್ರಶ್ನೆ

‘ಶಾಲೆ ಎದುರಿನ ಅಂಗಡಿಯ ಚಾಕಲೇಟಿನಲ್ಲಿ ಡ್ರಗ್ಸ್ ಉಂಟಂತೆ, ಎಲ್ಲರಿಗೂ ತಿಳಿಸಿ’ – ಇಂಥ ವಾಯ್ಸ್ ಮೆಸೇಜ್ ಬಾರದ ಫ್ಯಾಮಿಲಿ ಗ್ರೂಪ್ ನಮ್ಮಲ್ಲಿ ಯಾವುದುಂಟು? ಕಳುಹಿಸುವವರು ಕೆಟ್ಟವರಲ್ಲ. ಮಕ್ಕಳಿಗೆ ಏನಾದರೂ ಆದೀತೆಂಬ ಹೆದರಿಕೆ, ಅಷ್ಟೆ. ಬ್ರಿಟನ್ನಿನ ಹಾಸ್ಯಗಾರ ಕ್ರಿಸ್ ಮಾರಿಸ್ ಕೈ ಹಾಕಿದ್ದು ಇದೇ ಹೆದರಿಕೆಗೆ.

ಅವರ ‘ಬ್ರಾಸ್ ಐ’ 1997ರಲ್ಲಿ ಅಲ್ಲಿನ ಚಾನೆಲ್ 4ರಲ್ಲಿ ಬಂತು. ಹೊರಗಿಂದ ನೋಡಿದರೆ ಅಪ್ಪಟ ನ್ಯೂಸ್: ಕೋಟು-ಟೈ, ಗುಡುಗುವ ಸಂಗೀತ, ಪರದೆ ತುಂಬಾ ಗ್ರಾಫಿಕ್ಸ್, ಹುಬ್ಬು ಗಂಟಿಕ್ಕಿದ ಆ್ಯಂಕರ್. ಒಳಗೆ ಪೂರ್ತಿ ಗೇಲಿ. 2020ರ ಕೊರೋನಾ ಸಮಯದಲ್ಲಿ ತಬ್ಲೀಗಿನವರ ಮೇಲೆ ನಮ್ಮ ಚಾನೆಲ್‌ಗಳು ಅಬ್ಬರಿಸಿದ್ದನ್ನು ಕಂಡ ನಮಗೆ ಆ ಮುಖ, ಆ ಸಂಗೀತದ ಗುರುತು ಬೇಗ ಸಿಗುತ್ತದೆ.

ಡ್ರಗ್ಸ್ ಕುರಿತ ಕಂತಿಗೆ ಮಾರಿಸ್ ‘ಕೇಕ್’ ಎಂಬ, ಲೋಕದಲ್ಲೇ ಇಲ್ಲದ ಮಾದಕ ವಸ್ತುವೊಂದನ್ನು ಹುಟ್ಟಿಸಿದರು. ಅದರ ವಿರುದ್ಧ ಹೋರಾಡುವ ಸಂಘಟನೆಯೂ ಸುಳ್ಳೇ. ಜನಜಾಗೃತಿಗೆ ಎರಡು ಮಾತು ಹೇಳಿ ಎಂದು ಗಣ್ಯರನ್ನು ಕರೆದರೆ, ಅವರು ಕ್ಯಾಮರಾ ಎದುರು ಕೂತು ಕೊಟ್ಟದ್ದನ್ನೆಲ್ಲ ಹೇಳಿದರು. ಹೆಸರಾಂತ ಟಿ.ವಿ. ನಿರೂಪಕ ನೋಯಲ್ ಎಡ್ಮಂಡ್ಸ್, ಮಿದುಳಿನ ‘ಶಾಟ್ನರ್ಸ್ ಬಸೂನ್’ ಎಂಬ ಭಾಗದ ಮೇಲೆ ಇದು ಪರಿಣಾಮ ಬೀರುತ್ತದೆ ಎಂದು ಗಂಭೀರವಾಗಿ ವಿವರಿಸಿದರು. ಬಸೂನ್ ಎಂದರೆ ಊದುವ ವಾದ್ಯ ಮಾರಾಯ್ರೆ! ಪರಿಚಯದ ಡಾಕ್ಟರಿಗೆ ಒಂದು ಫೋನ್ ಮಾಡಿದ್ದರೆ ಅಲ್ಲಿಗೇ ಮುಗಿಯುತ್ತಿತ್ತು.

ಮುಗಿಯಲಿಲ್ಲ. ಕನ್ಸರ್ವೇಟಿವ್ ಸಂಸದ ಡೇವಿಡ್ ಅಮೆಸ್ ಈ ‘ಕೇಕ್’ ಬಗ್ಗೆ ಪಾರ್ಲಿಮೆಂಟಿನಲ್ಲೇ ಪ್ರಶ್ನೆ ಕೇಳಿದರು. ಗೃಹ ಇಲಾಖೆಯ ಸಚಿವರು ಉತ್ತರವನ್ನೂ ಕೊಟ್ಟರು. ಎರಡೂ ಇವತ್ತಿಗೂ ಕಡತದಲ್ಲಿವೆ. ಅಮೆಸ್‌ರನ್ನು ಕಂಡು ನಗುವುದು ಸುಲಭ. ಆದರೆ ಅವರದೂ ಮಕ್ಕಳ ಮೇಲಿನ ಕಾಳಜಿಯೇ. ನಾವು ಮೆಸೇಜ್ ಫಾರ್ವರ್ಡ್ ಮಾಡುವಾಗ ಒತ್ತುವುದೂ ಅದೇ ಬಟನ್.

2001ರಲ್ಲಿ ಮತ್ತೊಂದು ವಿಶೇಷ ಕಂತು ಬಂತು. ಮಕ್ಕಳ ಮೇಲಿನ ಲೈಂಗಿಕ ದೌರ್ಜನ್ಯದ ಸುದ್ದಿಯನ್ನು ಮಾಧ್ಯಮಗಳು ಹೇಗೆ ಸರಕು ಮಾಡುತ್ತವೆ ಎಂಬುದು ಅದರ ವಸ್ತು. ಅದರ ಕೆಲವು ತಮಾಷೆ ನಮಗೆ ಹಿಡಿಸುವಂಥದಲ್ಲ, ಉಮ್ಮ-ಬಾಪರ ಜೊತೆ ಕೂತು ನೋಡಲಿಕ್ಕೆ ಆಗುವಂಥದೂ ಅಲ್ಲ. ಸಾವಿರಾರು ದೂರುಗಳು ಬಂದವು. ಸಚಿವೆ ಬೆವರ್ಲಿ ಹ್ಯೂಸ್ ಕಟುವಾಗಿ ಖಂಡಿಸಿದರು. ಕಾರ್ಯಕ್ರಮ ನೋಡಿಯೇ ಇಲ್ಲ ಎಂದು ಆಮೇಲೆ ಒಪ್ಪಿಕೊಂಡರು. ‘ಡೈಲಿ ಸ್ಟಾರ್’ ಪತ್ರಿಕೆಯೂ ಕೆಂಡ ಕಾರಿತು. ಆ ಖಂಡನೆಯ ಪಕ್ಕದಲ್ಲೇ ಅದು ಛಾಪಿಸಿದ್ದು, 15 ವರ್ಷದ ಗಾಯಕಿಯೊಬ್ಬಳ ಫೋಟೊ ಮತ್ತು ಅವಳ ಮೈಕಟ್ಟಿನ ಬಗ್ಗೆ ಒಂದು ಒಕ್ಕಣೆ.