ಪಹಣಿಯಲ್ಲಿ ಇನ್ನೂ ರಾಗಿ ಇದೆ ಸಾರ್!

ಮೊನ್ನೆ ನಮ್ಮ ಫೋನ್-ಇನ್ ಕಾರ್ಯಕ್ರಮಕ್ಕೆ ಒಬ್ಬ ಆಟೋ ಚಾಲಕರು ಕರೆ ಮಾಡಿದ್ರು. "ಸಾರ್, ಚೀಟಿ ಎತ್ತಿ, ಹೆಂಡ್ತಿ ಒಡವೆ ಅಡ ಇಟ್ಟು ಥರ್ಟಿ-ಫಾರ್ಟಿ ಸೈಟ್ ತಗೊಂಡೆ. ಕನ್ವರ್ಷನ್‌ಗೆ ಅರ್ಜಿ ಹಾಕಿದ್ದೀವಿ, ಆಗೋಗುತ್ತೆ ಅಂದಿದ್ರು. ಈಗ ಸಾಲ ಕೇಳೋಕೆ ಹೋದ್ರೆ ಬ್ಯಾಂಕ್‌ನೋರು ಇದು ಸೈಟೇ ಅಲ್ಲ, ಹೊಲ ಅಂತಾರೆ." ಪಹಣಿ ನೋಡಿದ್ರಾ ಅಂತ ಕೇಳಿದೆ. "ನೋಡ್ದೆ ಸಾರ್. ಬೆಳೆ ಅನ್ನೋ ಜಾಗದಲ್ಲಿ ಇನ್ನೂ ರಾಗಿ ಅಂತಾನೇ ಇದೆ."

ನೆಲದ ಮೇಲೆ ಸೈಟಿನ ಕಲ್ಲು ನೆಟ್ಟಿದ್ದಾರೆ, ಕಾಗದದಲ್ಲಿ ರಾಗಿ ಬೆಳೀತಾ ಇದೆ. ಇದು ಒಬ್ಬರ ಕಥೆ ಅಲ್ಲ. ಹಾಗಾಗಿ ಈ ಕನ್ವರ್ಷನ್ ಅಂದ್ರೆ ಏನು ಅನ್ನೋದನ್ನ ಇವತ್ತು ಬಿಡಿಸಿ ಹೇಳ್ತೀನಿ.

ಕರ್ನಾಟಕ ಭೂ ಕಂದಾಯ ಕಾಯ್ದೆ, 1964. ಅದರ 95ನೇ ಕಲಂ ಪ್ರಕಾರ ಕೃಷಿ ಜಮೀನನ್ನು ಬೇರೆ ಉದ್ದೇಶಕ್ಕೆ ಬಳಸಬೇಕಾದರೆ ಜಿಲ್ಲಾಧಿಕಾರಿಯ ಅನುಮತಿ ಬೇಕು. ನಮ್ಮ ಕಡೆ ಡಿಸಿ ಕನ್ವರ್ಷನ್ ಅಂತೀವಿ, ಉತ್ತರ ಕರ್ನಾಟಕದ ಕಡೆ ಎನ್.ಎ. ಮಾಡಿಸೋದು ಅಂತಾರೆ. ಎರಡೂ ಒಂದೇ. ರೈತ ತನ್ನ ಹೊಲದಲ್ಲಿ ಬಾವಿ ತೋಡೋಕೆ, ಬೇಸಾಯಕ್ಕೆ ಬೇಕಾದ ಕಟ್ಟಡ ಕಟ್ಟೋಕೆ ಇದು ಬೇಡ. ಆದರೆ ಅದೇ ಹೊಲವನ್ನ ಸೈಟು ಮಾಡಿ ಮಾರಬೇಕಾದರೆ ಬೇಕೇ ಬೇಕು. ಅನುಮತಿ ಇಲ್ಲದೆ ಬಳಸಿದರೆ 96ನೇ ಕಲಂ ದಂಡದ ಮಾತಾಡುತ್ತೆ.

ಇಲ್ಲಿ ಒಂದು ದೊಡ್ಡ ಗೊಂದಲ ಇದೆ. 2020ರಲ್ಲಿ ಭೂ ಸುಧಾರಣಾ ಕಾಯ್ದೆಗೆ ತಿದ್ದುಪಡಿ ಬಂತು. 79ಎ, 79ಬಿ ಕಲಂಗಳು ಹೋದವು, ರೈತರಲ್ಲದವರೂ ಕೃಷಿ ಜಮೀನು ಕೊಳ್ಳಬಹುದು ಅಂತಾಯ್ತು. ಅದನ್ನೇ ಹಿಡಿದು ಏಜೆಂಟರು "ಈಗ ಯಾರು ಬೇಕಾದ್ರೂ ತಗೋಬಹುದು ಸಾರ್, ಕಾನೂನೇ ಬದಲಾಯ್ತಲ್ಲ" ಅಂತಾರೆ. ನೋಡಿ, ಕೊಳ್ಳೋ ಕಾನೂನು ಬೇರೆ, ಬಳಸೋ ಕಾನೂನು ಬೇರೆ. ಹೊಲ ಕೊಂಡರೆ ನೀವು ಹೊಲದ ಒಡೆಯರು, ಅಷ್ಟೇ. ಮನೆ ಸೈಟಿನ ಒಡೆಯರಲ್ಲ.

ಅರ್ಜಿ ಈಗ ಆನ್‌ಲೈನ್. ಪಹಣಿ, ಮ್ಯುಟೇಷನ್ ಪ್ರತಿ, ಜೊತೆಗೆ ಒಂದು ಅಫಿಡವಿಟ್. ಸರ್ವೆ ನಂಬರಿನ ಒಂದು ಭಾಗ ಮಾತ್ರ ಪರಿವರ್ತನೆ ಆಗಬೇಕಾದರೆ 11ಇ ನಕ್ಷೆ. ಆಮೇಲೆ ಪರಿಶೀಲನೆ. ಇದು ಸರ್ಕಾರ ಮಂಜೂರು ಮಾಡಿದ ಜಮೀನಾ? ಪರಿಶಿಷ್ಟರಿಗೆ ಕೊಟ್ಟ ಜಮೀನಾದರೆ 1978ರ ಪಿಟಿಸಿಎಲ್ ಕಾಯ್ದೆ ಅಡ್ಡ ಬರುತ್ತೆ, ಸರ್ಕಾರದ ಅನುಮತಿ ಇಲ್ಲದೆ ಅದರ ಮಾರಾಟವೇ ನಿಲ್ಲೋದಿಲ್ಲ. ಒಳಗೆ ಬಿ ಖರಾಬು ಇದೆಯಾ? ಹಳ್ಳ, ದಾರಿ, ಸ್ಮಶಾನ ಇವೆಲ್ಲ ಸಾರ್ವಜನಿಕರದ್ದು, ಯಾರ ಹೆಸರಿಗೂ ಪರಿವರ್ತನೆ ಮಾಡಿಕೊಡೋ ಹಾಗಿಲ್ಲ.

ಇನ್ನು ಮಾಸ್ಟರ್ ಪ್ಲಾನ್. ಅದರಲ್ಲಿ ಆ ಜಾಗ ವಸತಿ ಅಂತ ಇದ್ದರೆ ಹಾದಿ ಸಲೀಸು. ಹಸಿರು ವಲಯ ಅಂತಿದ್ದರೆ ಮೊದಲು ನಗರ ಯೋಜನೆ ಕಾಯ್ದೆಯ 14ಎ ಅಡಿ ಭೂ ಉಪಯೋಗವನ್ನೇ ಬದಲಾಯಿಸಿಕೊಂಡು ಬರಬೇಕು. ಇಷ್ಟೆಲ್ಲ ಸರಿ ಇದ್ದರೆ ಶುಲ್ಕ ಕಟ್ಟಿಸಿಕೊಂಡು ಆದೇಶ ಕೊಡ್ತಾರೆ. ಯಾವ ಉದ್ದೇಶಕ್ಕೆ ಅಂತ ಆದೇಶದಲ್ಲೇ ಬರೆದಿರುತ್ತೆ. ವಸತಿಗೆ ಅಂತ ಪಡೆದು ಕಲ್ಯಾಣ ಮಂಟಪ ಕಟ್ಟೋ ಹಾಗಿಲ್ಲ.

ಸರಿ, ಆದೇಶ ಬಂತು. ಮುಗೀತಾ? ಇಲ್ಲ ಸ್ವಾಮಿ, ಜನ ಎಡವೋದೇ ಇಲ್ಲಿ. ಕನ್ವರ್ಷನ್ ಆಗಿದ್ದು ಇಡೀ ಜಮೀನಿಗೆ, ನಿಮ್ಮ ಥರ್ಟಿ-ಫಾರ್ಟಿಗಲ್ಲ. ರಸ್ತೆ ಎಲ್ಲಿ, ಚರಂಡಿ ಎಲ್ಲಿ, ಪಾರ್ಕ್ ಎಷ್ಟು ಅಂತ ಬಡಾವಣೆ ನಕ್ಷೆಗೆ ಯೋಜನಾ ಪ್ರಾಧಿಕಾರದ ಒಪ್ಪಿಗೆ ಬೇಕು. ರಸ್ತೆ, ಪಾರ್ಕಿನ ಜಾಗವನ್ನ ಸ್ಥಳೀಯ ಸಂಸ್ಥೆಗೆ ಬಿಟ್ಟುಕೊಡಬೇಕು. 500 ಚದರ ಮೀಟರ್‌ಗಿಂತ ದೊಡ್ಡ ಬಡಾವಣೆಯಾದರೆ ಮಾರೋ ಮೊದಲು ರೇರಾ ನೋಂದಣಿ. ಆಮೇಲೆ ಖಾತೆ. ಅರ್ಜಿ, ಆದೇಶ, ನಕ್ಷೆ, ಖಾತೆ: ನಾಲ್ಕು ಮೆಟ್ಟಿಲು. ನಮ್ಮ ಆಟೋ ಚಾಲಕರಿಗೆ ಮೊದಲನೇ ಮೆಟ್ಟಿಲು ತೋರಿಸಿ ನಾಲ್ಕನೇದರ ದುಡ್ಡು ವಸೂಲಿ ಮಾಡಿದ್ದಾರೆ.

ಅವರು ಕೇಳಿದ ಮುಂದಿನ ಪ್ರಶ್ನೆಗೆ ನಾನೇ ಒಂದು ಕ್ಷಣ ಸುಮ್ಮನಾದೆ. "ಸಾರ್, ರಿಜಿಸ್ಟರ್ ಆಯ್ತಲ್ಲ? ಸರ್ಕಾರದ ಸೀಲ್ ಇದೆಯಲ್ಲ?" ನೋಂದಣಿ ಅಂದ್ರೆ ಇಬ್ಬರ ನಡುವಿನ ವ್ಯವಹಾರ ದಾಖಲಾಯ್ತು ಅಂತ ಅರ್ಥ. ಜಾಗ ಸಕ್ರಮ ಅಂತಲ್ಲ. ಕಾನೂನಿನ ಪ್ರಕಾರ ಇದು ಸರಿಯಾದ ಉತ್ತರ. ಆದರೆ ದಿನಗೂಲಿ ಲೆಕ್ಕದಲ್ಲಿ ಬದುಕೋ ಮನುಷ್ಯನಿಗೆ ಇದು ನ್ಯಾಯವಾದ ಉತ್ತರವಾ? ಮುದ್ರಾಂಕ ಶುಲ್ಕ ಎಣಿಸಿಕೊಳ್ಳುವಾಗ ಇದು ಹೊಲ ಅಂತ ಯಾರೂ ಹೇಳಲಿಲ್ಲ. ಮನೆ ಕಟ್ಟೋಕೆ ಹೊರಟಾಗ ಎಲ್ಲರೂ ಹೇಳ್ತಾರೆ. ಜಮೀನು ಮಾರಿದವನು ಸೇಫ್, ಏಜೆಂಟ್ ಸೇಫ್, ಅಕ್ರಮ ಅನ್ನೋ ಹಣೆಪಟ್ಟಿ ಮಾತ್ರ ಕೊಂಡವನಿಗೆ. ಇದನ್ನ ನಾನು ಒಪ್ಪಲ್ಲ.

ವ್ಯವಸ್ಥೆ ಸರಿಹೋಗೋವರೆಗೆ ನಮ್ಮ ಹುಷಾರಿನಲ್ಲಿ ನಾವಿರಬೇಕು. ಮುಂಗಡ ಕೊಡೋ ಮೊದಲು ಮೂರು ಕಾಗದ ಕೇಳಿ: ಕನ್ವರ್ಷನ್ ಆದೇಶ, ಅನುಮೋದಿತ ಬಡಾವಣೆ ನಕ್ಷೆ, ಆ ಸೈಟಿನದ್ದೇ ಖಾತೆ. "ಅರ್ಜಿ ಹಾಕಿದ್ದೀವಿ" ಅಂದ್ರೆ, "ಆದೇಶ ಬಂದ ಮೇಲೆ ಬರ್ತೀನಿ" ಅಂತ ಎದ್ದು ಬನ್ನಿ. ಪಹಣಿಯನ್ನ ಭೂಮಿ ವೆಬ್‌ಸೈಟಿನಲ್ಲಿ ನೀವೇ ತೆಗೆದು ನೋಡಿ. ಅದರಲ್ಲಿ ಇನ್ನೂ ರಾಗಿ ಇದ್ದರೆ, ನೀವು ಕೊಳ್ತಾ ಇರೋದು ರಾಗಿ ಹೊಲವನ್ನೇ. ನೆನಪಿರಲಿ.