ಫಿನ್ಲೆಂಡನ್ನು ಹಿಮವೇ ಕಾಯಿತೆ?

ಫಿನ್ಲೆಂಡಿನ ಚಳಿಗಾಲದ ಯುದ್ಧದ ಮಾತು ಬಂದಾಗಲೆಲ್ಲ, ಆ ನಾಡನ್ನು ಹಿಮವೇ ಕಾಯಿತೆಂದು ಹೇಳುವವರುಂಟು. ಇದು ಅರ್ಧಸತ್ಯವೆಂದು ನಮ್ಮ ಅಭಿಪ್ರಾಯ. ಹಿಮವು ಉಭಯ ಪಕ್ಷದವರ ಮೇಲೂ ಬಿದ್ದಿತು.

1939ರ ನವೆಂಬರ್ 30ರಂದು ಸೋವಿಯತ್ ರಷ್ಯವು, 1932ರಲ್ಲಿ ತಾನೇ ರುಜು ಮಾಡಿದ್ದ ಅನಾಕ್ರಮಣ ಕೌಲನ್ನು ಕಡೆಗಣಿಸಿ, ಯುದ್ಧಘೋಷಣೆಯಿಲ್ಲದೆಯೇ ಗಡಿಯನ್ನು ದಾಟಿತು. ಅದೇ ದಿನ ಹೆಲ್ಸಿಂಕಿ ನಗರದ ಮೇಲೆ ಬಾಂಬುಗಳು ಬಿದ್ದವು. ಒಂದು ಕಡೆ ಸುಮಾರು 17 ಕೋಟಿ ಜನ. ಇನ್ನೊಂದು ಕಡೆ 37 ಲಕ್ಷ. ಫಿನ್ನರ ದಂಡನಾಯಕ ಮಾನರ್‌ಹೈಮನಿಗೆ ಆಗ 72 ವರ್ಷ.

ಸುವೊಮುಸ್ಸಲ್ಮಿಯ ಕಾಡಿನಲ್ಲಿ ನಡೆದುದನ್ನು ನೋಡಿದರೆ ಸಾಕು. ಕಿರಿದಾದ ದಾರಿಯಲ್ಲಿ ಟ್ಯಾಂಕು, ಲಾರಿ, ಫಿರಂಗಿಗಳೊಡನೆ ರಷ್ಯದ ದಂಡು ಮೈಲಿಗಟ್ಟಲೆ ಉದ್ದಕ್ಕೆ ಸಾಲುಗಟ್ಟಿ ನಿಂತಿತು. ಬಿಳಿಯ ನಿಲುವಂಗಿ ತೊಟ್ಟ ಫಿನ್ನರು ಹಿಮಜಾರುಗೆಗಳ ಮೇಲೆ ನಿಶ್ಶಬ್ದವಾಗಿ ಬಂದು ಆ ಸಾಲನ್ನು ತುಂಡುತುಂಡಾಗಿ ಕಡಿದರು. ಅಡುಗೆಯ ಗಾಡಿಗಳನ್ನು ಮೊದಲು ಕೆಡಿಸಿದರು. ಕಡಿದು ಅಳತೆಗೆ ಒಟ್ಟಿದ ಸೌದೆಯ ರಾಶಿಗೆ ಅವರಲ್ಲಿ 'ಮೊತ್ತಿ' ಎಂದು ಹೆಸರು. ಈ ಯುದ್ಧತಂತ್ರಕ್ಕೂ ಅದೇ ಹೆಸರಾಯಿತು. 1940ರ ಜನವರಿಯ ಮೊದಲ ವಾರದ ಹೊತ್ತಿಗೆ ಎರಡು ಡಿವಿಜನ್ನುಗಳು ಅಲ್ಲಿ ನುಚ್ಚುನೂರಾಗಿದ್ದವು. ಮಡಿದ ರಷ್ಯದ ಬಡ ಸಿಪಾಯಿಗಳಿಗಾಗಿಯೂ ನಾವು ಮರುಗಬೇಕು.

ಆದರೆ ಸೋಜಿಗದ ಸಂಗತಿ ಬೇರೆಯೇ ಇದೆ. 1918ರಲ್ಲಿ ಇದೇ ಫಿನ್ನರು ಕೆಂಪರೆಂದೂ ಬಿಳಿಯರೆಂದೂ ಒಡೆದು ಪರಸ್ಪರ ಕೊಂದುಕೊಂಡಿದ್ದರು. ಆ ಗಾಯ ಮಾಗಿರಲಾರದೆಂದು ನಂಬಿದ ಮಾಸ್ಕೋ, ಕೂಸಿನೆನ್ ಎಂಬಾತನ ಹೆಸರಿನಲ್ಲಿ ಗೊಂಬೆ ಸರ್ಕಾರವೊಂದನ್ನು ಸ್ಥಾಪಿಸಿ ಕಾರ್ಮಿಕರನ್ನು ಕರೆಯಿತು. ಕಾರ್ಮಿಕರು ಓಗೊಡಲಿಲ್ಲ. ನಡುವಣ ವರ್ಷಗಳಲ್ಲಿ, 1918 ಮತ್ತು 1922ರ ಶಾಸನಗಳಿಂದ, ಗೇಣಿದಾರನಿಗೂ ಭೂಹೀನನಿಗೂ ಭೂಮಿ ದೊರಕುವ ದಾರಿಯಾಗಿತ್ತು. ತನ್ನದೆಂಬುದೊಂದು ಇದ್ದವನು ಅದಕ್ಕಾಗಿ ನಿಂತನು.

ಹೊರಗಿನವರು ಮಾಡಿದ್ದೇನು? ರಾಷ್ಟ್ರಸಂಘವು ಡಿಸೆಂಬರ್ 14ರಂದು ರಷ್ಯವನ್ನು ಹೊರಹಾಕಿ ಕೈತೊಳೆದುಕೊಂಡಿತು. ಬ್ರಿಟನ್ನೂ ಫ್ರಾನ್ಸೂ ಸೈನ್ಯ ಕಳುಹುವೆವೆಂದವು. ನಾರ್ವೆ, ಸ್ವೀಡನ್ನುಗಳು ದಾರಿ ಕೊಡಲಿಲ್ಲ. ಫೆಬ್ರವರಿಯಲ್ಲಿ ಸುಮ್ಮಾದ ಬಳಿ ರಕ್ಷಣಾರೇಖೆ ಮುರಿಯಿತು. ಮಾರ್ಚ್ 13ರಂದು, 105 ದಿನಗಳ ತರುವಾಯ, ಕದನ ನಿಂತಿತು. ಸುಮಾರು 25,000 ಯೋಧರು, ನಾಡಿನ ಹೆಚ್ಚುಕಡಮೆ ಹತ್ತನೆಯ ಒಂದು ಭಾಗ, ವೀಪುರಿ ಪಟ್ಟಣ — ಎಲ್ಲವೂ ಹೋದವು. 4 ಲಕ್ಷಕ್ಕೂ ಮಿಕ್ಕ ಜನ ಮನೆಮಠ ತೊರೆದು ಬಂದರು.

1941ರಲ್ಲಿ ಅದೇ ಫಿನ್ಲೆಂಡ್ ಹಿಟ್ಲರನ ಜರ್ಮನಿಯ ಜೊತೆಗೂಡಿ ರಷ್ಯದೊಡನೆ ಕಾದಿತೆಂಬುದನ್ನೂ ನಾವು ಮರೆಮಾಚಲಾರೆವು. ಆದರೂ, 1939ರಲ್ಲಿ ಕಾದದೆ ಸೈನ್ಯನೆಲೆಗಳನ್ನು ಬಿಟ್ಟುಕೊಟ್ಟ ಬಾಲ್ಟಿಕ್ಕಿನ ಮೂರು ರಾಜ್ಯಗಳು 1940ರಲ್ಲಿ ನುಂಗಲ್ಪಟ್ಟು, 1991ರವರೆಗೆ ಸ್ವಾತಂತ್ರ್ಯಕ್ಕೆ ಕಾಯಬೇಕಾಯಿತು. ಫಿನ್ಲೆಂಡ್ ನೆಲವನ್ನು ಕಳೆದುಕೊಂಡಿತು, ರಾಜ್ಯವನ್ನು ಕಳೆದುಕೊಳ್ಳಲಿಲ್ಲ. ನಿರ್ವಸಿತರಿಗಾಗಿ ಉಳಿದವರ ಜಮೀನಿನಲ್ಲಿ ಪಾಲನ್ನು ಕಾನೂನಿನಿಂದಲೇ ತೆಗೆದುಕೊಟ್ಟಿತು.

ಹಿಮವು ಪ್ರತಿ ವರ್ಷವೂ ಕರಗುತ್ತದೆ. ನಾಡನ್ನು ಕಾಯುವುದು ಪ್ರಜೆಗಳಿಗೆ ಅದರಲ್ಲಿರುವ ಪಾಲು. ಅದನ್ನು ಹಂಚದ ಅರಸೊತ್ತಿಗೆಗೆ ಯಾವ ಕೋಟೆಯೂ ಆಸರೆಯಾಗದು.