ಎಕರೆ, ಗುಂಟೆ ಮತ್ತು ಸಮಾನ ಭಿನ್ನರಾಶಿ

ಪಾವಗಡ ತಾಲ್ಲೂಕಿನ ನಾಗಲಮಡಿಕೆ ಹೋಬಳಿಯ ಹೊಲವೊಂದರ ಪಹಣಿಯಲ್ಲಿ ವಿಸ್ತೀರ್ಣ 2.20 ಎಂದಿದ್ದರೆ ಅದು ಎರಡೂವರೆ ಎಕರೆ. ಚುಕ್ಕಿಯ ಮುಂದಿನದು ದಶಮಾಂಶವಲ್ಲ, ಗುಂಟೆ. ಎಕರೆಗೆ 40 ಗುಂಟೆ. ಆದ್ದರಿಂದ 20 ಗುಂಟೆಯೆಂದರೆ 20/40 ಎಕರೆ, ಅಂದರೆ 1/2. ಅಂಕಿ ಬೇರೆಯಾದರೂ ಬೆಲೆ ಒಂದೇ ಆಗಿರುವ ಇಂಥವು ಸಮಾನ ಭಿನ್ನರಾಶಿಗಳು. 2.20ಕ್ಕೆ 1.30 ಕೂಡಿಸಿದರೆ ಕ್ಯಾಲ್ಕುಲೇಟರ್ 3.50 ತೋರಿಸುತ್ತದೆ, ನಿಜವಾದ ಮೊತ್ತ 4 ಎಕರೆ 10 ಗುಂಟೆ.

ಅಂಶ, ಛೇದ ಎರಡನ್ನೂ ಸೊನ್ನೆಯಲ್ಲದ ಒಂದೇ ಸಂಖ್ಯೆಯಿಂದ ಗುಣಿಸಿದರೂ ಭಾಗಿಸಿದರೂ ಬೆಲೆ ಬದಲಾಗದು. ಛೇದ ಇಮ್ಮಡಿಯಾದಾಗ ಪ್ರತಿ ತುಂಡು ಅರ್ಧಕ್ಕಿಳಿಯುತ್ತದೆ; ಅಂಶವೂ ಇಮ್ಮಡಿಯಾದ್ದರಿಂದ ಎಣಿಸುವ ತುಂಡುಗಳು ಎರಡರಷ್ಟಾಗುತ್ತವೆ.

ಇದೇ ಹೋಬಳಿಯ ತಿರುಮಣಿ, ವಳ್ಳೂರು ಸುತ್ತಿನ ಸುಮಾರು 13,000 ಎಕರೆಯಲ್ಲಿ ಸೋಲಾರ್ ಪಾರ್ಕ್ ಇದೆ. ಆ ಜಮೀನನ್ನು ಕೊಳ್ಳದೆ ರೈತರಿಂದ ಗುತ್ತಿಗೆಗೆ ಪಡೆಯಲಾಯಿತು. ಆರಂಭದ ದರ ಎಕರೆಗೆ ವರ್ಷಕ್ಕೆ 21,000 ರೂಪಾಯಿ. 30 ಗುಂಟೆ ಕೊಟ್ಟವರಿಗೆ ಎಷ್ಟು? 30/40 ಅನ್ನು 10ರಿಂದ ಭಾಗಿಸಿದರೆ 3/4. 21,000ದ ಕಾಲು ಭಾಗ 5,250, ಮುಕ್ಕಾಲು 15,750. ಹಾಗೆಯೇ 24 ಗುಂಟೆಗೆ 24/40. ಎರಡನ್ನೂ ನಿಶ್ಶೇಷವಾಗಿ ಭಾಗಿಸುವ ಅತಿ ದೊಡ್ಡ ಸಂಖ್ಯೆ 8. ಉತ್ತರ 3/5 ಎಕರೆ, 12,600 ರೂಪಾಯಿ. ಅನುಮಾನವಿದ್ದರೆ ಓರೆಯಾಗಿ ಗುಣಿಸಬೇಕು: 24×5, 40×3 ಎರಡೂ 120.

ಲೆಕ್ಕ ನಿಜಕ್ಕೂ ತೊಡಕಾಗುವುದು ಮೂರು ಪಾಲು ಮಾಡುವಾಗ. 40ಕ್ಕೆ 2, 4, 5, 8, 10, 20 ಅಪವರ್ತನಗಳು, 3 ಅಲ್ಲ. ಹೀಗಾಗಿ 1/3 ಎಕರೆಯನ್ನು ಪೂರ್ಣ ಗುಂಟೆಗಳಲ್ಲಿ ಹೇಳಲಾಗದು. ಗುಂಟೆಯನ್ನು 16 ಆಣೆಯಾಗಿ ಒಡೆದರೂ ಎಕರೆಗೆ 640 ಆಣೆ. 3 ಅದನ್ನೂ ಭಾಗಿಸದು. ಮೂವರು ಅಣ್ಣತಮ್ಮಂದಿರು ಒಂದು ಎಕರೆ ಹಂಚಿಕೊಂಡರೆ ತಲಾ 13 ಗುಂಟೆ 5 ಆಣೆ ಬಂದು, ಒಂದು ಆಣೆ ಉಳಿಯುತ್ತದೆ. 2 ಎಕರೆ 10 ಗುಂಟೆಯಾದರೆ ತೊಂದರೆಯಿಲ್ಲ: 90 ಗುಂಟೆ, ತಲಾ 30.

ಬೇರೆ ಬೇರೆ ಛೇದಗಳನ್ನು ಒಂದಕ್ಕೆ ತರುವ ಉಪಾಯ ಕನ್ನಡ ನಾಡಿಗೆ ಹಳೆಯದು. ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯರು ಸುಮಾರು 850ರಲ್ಲಿ ರಚಿಸಿದ ‘ಗಣಿತಸಾರಸಂಗ್ರಹ’ದಲ್ಲಿ ಛೇದಗಳ ಲಘುತಮ ಸಾಮಾನ್ಯ ಅಪವರ್ತ್ಯವನ್ನು ‘ನಿರುದ್ಧ’ ಎಂದು ಕರೆದು ವಿಧಾನ ತಿಳಿಸಿದ್ದಾರೆ. ಒಬ್ಬರ ಪಾಲಿಗೆ ಬಂದ 1/3 ಎಕರೆಗೆ ಅವರು ಕೊಂಡ 15 ಗುಂಟೆ, ಅಂದರೆ 3/8 ಎಕರೆ ಸೇರಿಸಬೇಕೆಂದುಕೊಳ್ಳೋಣ. 3 ಮತ್ತು 8ರ ನಿರುದ್ಧ 24. 8/24ಕ್ಕೆ 9/24 ಕೂಡಿಸಿದರೆ 17/24 ಎಕರೆ. ಗುಂಟೆಯಲ್ಲಿ ಅದು ಇಪ್ಪತ್ತೆಂಟು ಮತ್ತು ಮೂರನೇ ಒಂದು ಭಾಗ. ಈ ಕೊನೆಯ ಭಾಗವನ್ನು 0.33 ಎಂದು ಮೊಟಕು ಮಾಡದೆ ಭಿನ್ನರಾಶಿಯಾಗಿಯೇ ಬರೆದುಕೊಳ್ಳಬೇಕು.